ಬ್ರೇಕ್ ಮುಟ್ಟದೆ ಇಳಿಯುವ ದಾರಿ: ಸಣ್ಣದೊಂದು ಫ್ಲೋ ಟ್ರೇಲ್ ಕಟ್ಟುವ ಬಗೆ

ಮೂರನೇ ತಿರುವಿನಲ್ಲಿ ಅವಳು ಬ್ರೇಕ್ ಹಿಡಿದಳು. ಎರಡನೇ ಸಲ ಇಳಿದಾಗಲೂ ಅಲ್ಲೇ ಹಿಡಿದಳು. ಮೂರನೇ ಸಲವೂ ಅಷ್ಟೇ. ಅಣ್ಣನ ಮಗಳಿಗೆ ಆಗ ಹನ್ನೊಂದು ವರ್ಷ. ಮೂಡಿಗೆರೆ ಕಡೆಯ ನಮ್ಮ ಕಾಫಿ ತೋಟದ ಪಕ್ಕ ಖಾಲಿ ಬಿದ್ದಿದ್ದ ಇಳಿಜಾರಿನಲ್ಲಿ ನಾನು ಕಟ್ಟಿದ ಮೊದಲ ಟ್ರೇಲ್, ಅಂದರೆ ಸೈಕಲ್ ಇಳಿಯುವ ಮಣ್ಣಿನ ದಾರಿ, ಅದು. "ಬ್ರೇಕ್ ಬಿಡು, ತಿರುವೇ ನಿನ್ನನ್ನ ಹಿಡ್ಕೊಳ್ಳುತ್ತೆ" ಎಂದು ಮೇಲಿನಿಂದ ಕೂಗಿದೆ. ಅವಳು ಸೈಕಲ್ ನಿಲ್ಲಿಸಿ ತಿರುಗಿ ಹೇಳಿದಳು: "ಚಿಕ್ಕಪ್ಪ, ಆಚೆ ಏನಿದೆ ಅಂತ ಕಾಣ್ತಾನೇ ಇಲ್ಲ."

ಕೆಳಗೆ ಹೋಗಿ ಅವಳ ಕಣ್ಣಿನ ಎತ್ತರಕ್ಕೆ ಬಗ್ಗಿ ನೋಡಿದೆ. ಒಂದು ಲಂಟಾನ ಪೊದೆ ತಿರುವಿನ ಕೊನೆಯನ್ನು ಪೂರಾ ಮುಚ್ಚಿತ್ತು. ನಿಂತರೆ ನನಗೆ ಕಾಣುತ್ತಿತ್ತು, ಅವಳಿಗೆ ಇಲ್ಲ. ಪೊದೆ ಕಡಿದೆ. ಮುಂದಿನ ಸಲ ಅವಳು ಬ್ರೇಕ್ ಮುಟ್ಟದೆ ಇಳಿದಳು. ಅವಳಿಗೆ ಹೊಸದಾಗಿ ಏನನ್ನೂ ಕಲಿಸಬೇಕಿರಲಿಲ್ಲ.

ಈ ಲೇಖನದಲ್ಲಿ ನಾನು ಹೇಳಬೇಕೆಂದಿರುವುದು ಮುಖ್ಯವಾಗಿ ಅದೇ. ಸವಾರ ಬೇಡದ ಕಡೆ ಬ್ರೇಕ್ ಹಿಡಿದರೆ ಅವನ ಕೈಯನ್ನು ಬೈಯುವ ಮೊದಲು ನೆಲವನ್ನು ನೋಡಿ. ಟ್ರೇಲ್ ಕಟ್ಟುವವರ ಕೆಲಸದ ಬಹುಪಾಲು ಆ ಒಂದು ಗುರುತನ್ನು ಓದುವುದರಲ್ಲೇ ಇದೆ.

ಫ್ಲೋ ಟ್ರೇಲ್ ಅಂದರೆ ಏನು?

ಮೌಂಟನ್ ಬೈಕಿನ ದಾರಿಗಳಲ್ಲಿ ಎರಡು ಬಗೆ ಎಂದು ಸುಮಾರಾಗಿ ಹೇಳಬಹುದು. ಕಲ್ಲು, ಬೇರು, ಕಡಿದಾದ ಇಳುಕಲು ತುಂಬಿದ್ದು ಒಂದು. ಅಲ್ಲಿ ಒಂದೊಂದು ಅಡಚಣೆಯನ್ನೂ ಬಿಡಿಸಿಕೊಂಡು ಹೋಗಬೇಕು. ಫ್ಲೋ ಟ್ರೇಲ್ ಇನ್ನೊಂದು. ಇಲ್ಲಿ ನೆಲ ನುಣುಪು, ಇಳಿಜಾರು ಹಗುರ. ತಿರುವುಗಳ ಹೊರಬದಿ ಬಟ್ಟಲಿನ ಅಂಚಿನ ಹಾಗೆ ಎದ್ದಿರುತ್ತದೆ. ಇದಕ್ಕೆ ಬರ್ಮ್ ಅನ್ನುತ್ತಾರೆ. ನಡುನಡುವೆ ದುಂಡನೆಯ ಉಬ್ಬುಗಳು, ಅಂದರೆ ರೋಲರ್‌ಗಳು. ಪೆಡಲ್ ತುಳಿಯುವುದೂ ಕಡಿಮೆ, ಬ್ರೇಕ್ ಹಿಡಿಯುವುದೂ ಕಡಿಮೆ. ಗುಡ್ಡ ಕೊಟ್ಟ ವೇಗವನ್ನು ಒಂದು ತಿರುವಿನಿಂದ ಇನ್ನೊಂದಕ್ಕೆ ದಾಟಿಸಿಕೊಂಡು ಹೋಗುವುದೇ ಆಟ.

ಹೆಸರಾದ ಉದಾಹರಣೆ ಬೇಕಿದ್ದರೆ ಕೆನಡಾದ ಬ್ರಿಟಿಷ್ ಕೊಲಂಬಿಯಾದಲ್ಲಿರುವ ವಿಸ್ಲರ್ ಬೈಕ್ ಪಾರ್ಕ್ ನೋಡಿ. ಚಳಿಗಾಲದಲ್ಲಿ ಹಿಮದ ಮೇಲೆ ಜಾರುವವರನ್ನು ಮೇಲಕ್ಕೆ ಒಯ್ಯುವ ಲಿಫ್ಟೇ ಬೇಸಿಗೆಯಲ್ಲಿ ಸೈಕಲ್ ಹೊತ್ತು ಹೋಗುತ್ತದೆ. ಅಲ್ಲಿನ ಎ-ಲೈನ್ ಎಂಬ ದಾರಿ ಜಗತ್ತಿನ ತುಂಬ ಹೆಸರು ಮಾಡಿದೆ. ಅದರ ಮಾತು ಮುಂದೆ ಮತ್ತೆ ಬರುತ್ತದೆ.

ಮೊದಲು ತಲೆಯೊಳಗಿನ ಲೆಕ್ಕ

ಗುದ್ದಲಿ ಹಿಡಿಯುವ ಮುಂಚೆ ಇದೊಂದು ತಿಳಿದಿರಲಿ. ಫ್ಲೋ ಎಂಬ ಮಾತು ಸೈಕಲ್‌ನವರು ಕಟ್ಟಿದ್ದಲ್ಲ. ಹಂಗೇರಿ ಮೂಲದ ಅಮೆರಿಕನ್ ಮನಶ್ಶಾಸ್ತ್ರಜ್ಞ ಮಿಹಾಯ್ ಚಿಕ್‌ಸೆಂಟ್‌ಮಿಹಾಯಿ 1970ರ ದಶಕದಲ್ಲಿ ಬಂಡೆ ಹತ್ತುವವರು, ಚೆಸ್ ಆಡುವವರು, ನೃತ್ಯ ಮಾಡುವವರು, ಶಸ್ತ್ರಚಿಕಿತ್ಸೆ ಮಾಡುವ ವೈದ್ಯರು ಇಂಥವರನ್ನೆಲ್ಲ ಮಾತಾಡಿಸಿದರು. ಕೆಲಸದಲ್ಲಿ ಪೂರ್ತಿ ಮುಳುಗಿದಾಗ ಹೇಗನ್ನಿಸುತ್ತದೆ ಎಂಬುದು ಅವರ ಕುತೂಹಲ. ನೀರಿನ ಸೆಳವಿನಲ್ಲಿ ತೇಲಿ ಹೋದ ಹಾಗೆ ಎಂದು ಹಲವರು ಹೇಳಿದರು. ಹೆಸರು ಅಲ್ಲಿಂದ ಬಂತು.

ಆ ಸ್ಥಿತಿಗೆ ಅವರು ಗುರುತಿಸಿದ ಮೂರು ಸಂಗತಿಗಳು ನಮಗೆ ಬೇಕು. ಮುಂದೆ ಏನು ಮಾಡಬೇಕು ಎಂಬುದು ಸ್ಪಷ್ಟವಾಗಿರಬೇಕು. ಮಾಡಿದ್ದು ಸರಿಯಾಯಿತೋ ಇಲ್ಲವೋ ಎಂದು ಕೂಡಲೇ ಗೊತ್ತಾಗಬೇಕು. ಮೂರನೆಯದು, ಸವಾಲು ಮತ್ತು ಕೈಚಳಕ ಎರಡೂ ಸರಿಸಮ ಇರಬೇಕು. ಸವಾಲು ಜಾಸ್ತಿಯಾದರೆ ಭಯ, ಕಡಿಮೆಯಾದರೆ ಬೇಜಾರು.

ಇದಕ್ಕೆ ಕನ್ನಡದಲ್ಲಿ ಒಳ್ಳೆಯ ಮಾತಿದೆ: ಹದ. ಬೆಲ್ಲದ ಪಾಕಕ್ಕೆ ಹದ, ಉಳುವ ಮಣ್ಣಿಗೆ ಹದ, ಮದ್ದಳೆಯ ಚರ್ಮಕ್ಕೂ ಹದ. ಸವಾರಿಗೂ ಒಂದು ಹದವಿದೆ. ಅದು ತಪ್ಪಿದ್ದನ್ನು ನೀವು ಸವಾರನ ಮೈಯಲ್ಲೇ ನೋಡಬಹುದು. ಭಯವಾದಾಗ ಮೊದಲು ಕಣ್ಣು ಕೆಳಗಿಳಿಯುತ್ತದೆ. ದೂರ ನೋಡುತ್ತಿದ್ದವನು ಮುಂದಿನ ಚಕ್ರವನ್ನೇ ನೋಡತೊಡಗುತ್ತಾನೆ. ಆಮೇಲೆ ಮೊಣಕೈ ಬಿಗಿಯುತ್ತದೆ, ಸೊಂಟ ಹಿಂದಕ್ಕೆ ಹೋಗುತ್ತದೆ, ಬೆರಳು ಬ್ರೇಕಿಗೆ ಬರುತ್ತದೆ. ಎಲ್ಲಕ್ಕೂ ಮೊದಲು ಕೆಡುವುದು ಕಣ್ಣು. ಅದಕ್ಕೇ ನಾನು ಟ್ರೇಲ್ ಕಟ್ಟುವಾಗ ಸೈಕಲ್ಲಿಗಿಂತ ಮೊದಲು ಕಣ್ಣಿಗೆ ದಾರಿ ಮಾಡುತ್ತೇನೆ.

ಹೆಜ್ಜೆ 1: ಯಾರಿಗೆ ಎಂದು ಗೊತ್ತು ಮಾಡಿ

ಒಂದು ಹಾಳೆಯಲ್ಲಿ ಒಬ್ಬ ಸವಾರನ ವಿವರ ಬರೆಯಿರಿ. ವಯಸ್ಸು, ಎಷ್ಟು ದಿನದಿಂದ ಓಡಿಸುತ್ತಿದ್ದಾನೆ, ಎಂಥ ಸೈಕಲ್. "ಎಲ್ಲರಿಗೂ ಆಗುವ ಟ್ರೇಲ್" ಎಂದು ಹೊರಟರೆ ಒಂದು ಕಡೆ ಹೆದರಿಸುವ, ಇನ್ನೊಂದು ಕಡೆ ಬೇಜಾರು ಹುಟ್ಟಿಸುವ ದಾರಿ ಆಗುತ್ತದೆ.

ಹೊರದೇಶಗಳಲ್ಲಿ ಬಣ್ಣದ ಗುರುತು ಹಾಕುವುದು ಇದಕ್ಕೇ. ಹಸಿರು ಸುಲಭ, ನೀಲಿ ಮಧ್ಯಮ, ಕಪ್ಪು ಕಷ್ಟ. ಬ್ರಿಟನ್ನಿನಲ್ಲಿ ನೀಲಿಗೂ ಕಪ್ಪಿಗೂ ನಡುವೆ ಕೆಂಪು ಕೂಡ ಇದೆ. ವಿಸ್ಲರ್‌ನಲ್ಲಿ ಈಸಿ ಡಸ್ ಇಟ್ ಎಂಬ ದಾರಿ ಹಸಿರು, ಕ್ರ್ಯಾಂಕ್ ಇಟ್ ಅಪ್ ನೀಲಿ, ಎ-ಲೈನ್ ಕಪ್ಪು. ನನಗೆ ಇಷ್ಟವಾಗುವುದು ಏನೆಂದರೆ, ಮೂರೂ ಕಡೆ ಮಾತಾಡುವ ಭಾಷೆ ಒಂದೇ. ಅದೇ ಬರ್ಮ್, ಅದೇ ಉಬ್ಬು. ಗಾತ್ರ ಮತ್ತು ವೇಗ ಮಾತ್ರ ಬೇರೆ. ಹಸಿರಿನಲ್ಲಿ ಕಲಿತ ಮೈ ನೀಲಿಯಲ್ಲಿ ಹೊಸಬನಾಗುವುದಿಲ್ಲ. ನಿಮ್ಮ ಮೊದಲ ಟ್ರೇಲ್ ಹಸಿರೇ ಇರಲಿ. ಚೆನ್ನಾಗಿ ಕಟ್ಟಿದ ಹಸಿರು ದಾರಿಯನ್ನು ಪಳಗಿದವರೂ ಖುಷಿಯಿಂದ ಓಡಿಸುತ್ತಾರೆ, ವೇಗ ಮಾತ್ರ ಅವರದ್ದು.

ಹೆಜ್ಜೆ 2: ಜಾಗ ಯಾರದ್ದು?

ಕಾಡಿನಲ್ಲಿ ಸುಮ್ನೆ ಹೋಗಿ ಅಗೆಯಬೇಡಿ. ಅರಣ್ಯ ಇಲಾಖೆಯ ಜಾಗದಲ್ಲಿ ಅನುಮತಿ ಇಲ್ಲದೆ ನೆಲ ಅಗೆಯುವುದು ಅಪರಾಧ. ಆನೆ, ಕಾಟಿ ಓಡಾಡುವ ಕಡೆಯಂತೂ ಅದರ ಯೋಚನೆಯೇ ಬೇಡ. ಮಲೆನಾಡಿನಲ್ಲಿ ಇನ್ನೊಂದು ತೊಡಕಿದೆ. ತೋಟದ ಪಕ್ಕದ ಗುಡ್ಡ ನಮ್ಮದೇ ಅಂದುಕೊಂಡಿರುತ್ತೇವೆ. ಪಹಣಿ ತೆಗೆಸಿದರೆ ಅದು ಗೋಮಾಳವೋ ಸೊಪ್ಪಿನಬೆಟ್ಟವೋ ಆಗಿರುತ್ತದೆ. ಪಹಣಿ ನೋಡಿ, ಹಿಡುವಳಿ ಜಮೀನು ಎಂದು ಖಚಿತ ಮಾಡಿಕೊಂಡೇ ಮುಂದುವರಿಯಿರಿ. ಬೇರೆಯವರ ಜಮೀನಾದರೆ ಬರವಣಿಗೆಯಲ್ಲಿ ಒಪ್ಪಿಗೆ ಪಡೆಯಿರಿ.

ಗುಡ್ಡವೇ ಇಲ್ಲದವರು ಬೇಸರ ಪಡಬೇಕಿಲ್ಲ. ಸಮತಟ್ಟು ನೆಲದಲ್ಲಿ ಪಂಪ್ ಟ್ರ್ಯಾಕ್ ಕಟ್ಟಬಹುದು, ಅಂದರೆ ಉಬ್ಬು, ಬರ್ಮ್‌ಗಳನ್ನೇ ಜೋಡಿಸಿ ಮಾಡಿದ ಸುತ್ತು ದಾರಿ. ಸಣ್ಣ ಸೈಟಿನಷ್ಟು ಜಾಗ ಸಾಕು. ಐದು, ಆರನೇ ಹೆಜ್ಜೆಯ ಮಾತುಗಳೆಲ್ಲ ಅದಕ್ಕೂ ಹೊಂದುತ್ತವೆ.

ಹೆಜ್ಜೆ 3: ಮಳೆಯಲ್ಲಿ ನಡೆಯಿರಿ

ಕೊಡೆ ಹಿಡಿದು ಜೋರು ಮಳೆಯಲ್ಲಿ ಇಡೀ ಇಳಿಜಾರು ಸುತ್ತಿ. ನೀರು ಎಲ್ಲಿ ಸೇರುತ್ತದೆ, ಎಲ್ಲಿ ಹರಿಯುತ್ತದೆ, ಎಲ್ಲಿ ಒರತೆ ಏಳುತ್ತದೆ ಎಂದು ನೋಡಿ. ಸುಣ್ಣ ಬಳಿದ ಗೂಟ ಹೊಡೆದು ಗುರುತು ಮಾಡಿ. ಆಗುಂಬೆಯ ಸುತ್ತ ವರ್ಷಕ್ಕೆ 7000 ಮಿ.ಮೀ.ಗೂ ಜಾಸ್ತಿ ಮಳೆ ಬೀಳುತ್ತದೆ. ನಿಮ್ಮಲ್ಲಿ ಅಷ್ಟಿಲ್ಲದಿದ್ದರೂ ಒಂದೇ ಆಷಾಢ ಸಾಕು, ತಪ್ಪು ಜಾಗದಲ್ಲಿ ಕಟ್ಟಿದ ಟ್ರೇಲನ್ನು ಹಳ್ಳ ಮಾಡಲು.

ನೀರಿನ ಜೊತೆಗೆ ಗಟ್ಟಿ ಗುರುತುಗಳನ್ನೂ ಬರೆದುಕೊಳ್ಳಿ. ದೊಡ್ಡ ಮರ, ಬಂಡೆ, ಒಳ್ಳೆಯ ನೋಟ ಕಾಣುವ ತಿರುವು. ದಾರಿಯನ್ನು ಅವುಗಳ ಹತ್ತಿರ ತರಬೇಕು. ಬರೀ ಹಾವಿನ ಹಾಗೆ ಸುತ್ತಿದ ದಾರಿಗಿಂತ, ಒಂದು ಹಲಸಿನ ಮರವನ್ನು ಬಳಸಿ ಹೋಗುವ ದಾರಿ ಮನಸ್ಸಿನಲ್ಲಿ ಉಳಿಯುತ್ತದೆ. ತಿರುವಿಗೆ ಒಂದು ಕಾರಣವಿದೆ ಎಂದು ಕಣ್ಣಿಗೆ ಅನ್ನಿಸಿದರೆ ಮೈ ಅದನ್ನು ಬೇಗ ಒಪ್ಪುತ್ತದೆ.

ಹೆಜ್ಜೆ 4: ಇಳಿಜಾರು ಅಳೆಯಿರಿ

ಇಲ್ಲಿ ಒಂದು ಹಳೆಯ ಕತೆ ಹೇಳಬೇಕು. 1976ರಲ್ಲಿ ಕ್ಯಾಲಿಫೋರ್ನಿಯಾದ ಮರಿನ್ ಕೌಂಟಿಯಲ್ಲಿ, ಫೇರ್‌ಫ್ಯಾಕ್ಸ್ ಎಂಬ ಊರಿನ ಹತ್ತಿರದ ಗುಡ್ಡದಿಂದ ಹುಡುಗರು ಹಳೆಯ ದಪ್ಪ ಟೈರಿನ ಸೈಕಲ್‌ಗಳಲ್ಲಿ ಇಳಿಯುವ ಪಂದ್ಯ ಶುರು ಮಾಡಿದರು. ಸುಮಾರು 3.4 ಕಿ.ಮೀ. ದಾರಿ, 400 ಮೀಟರ್ ಇಳಿತ. ಪೆಡಲನ್ನು ಹಿಂದಕ್ಕೆ ತುಳಿದರೆ ಹಿಡಿಯುವ ಬ್ರೇಕ್ ಆಗಿನದ್ದು. ಕೆಳಗೆ ಬರುವಷ್ಟರಲ್ಲಿ ಹಿಂದಿನ ಚಕ್ರದ ನಡುವಿನ ಹಬ್‌ ಒಳಗಿನ ಗ್ರೀಸ್ ಹೊಗೆಯಾಗಿ ಹೋಗುತ್ತಿತ್ತು. ಮತ್ತೆ ಬಿಚ್ಚಿ ಗ್ರೀಸ್ ತುಂಬಬೇಕಿತ್ತು. ಅದಕ್ಕೇ ಆ ದಾರಿಗೆ ರೀಪ್ಯಾಕ್ ಎಂದು ಹೆಸರು ಬಿತ್ತು. ಮೌಂಟನ್ ಬೈಕ್ ಹುಟ್ಟಿದ ಕತೆಯಲ್ಲಿ ಆ ಗುಡ್ಡಕ್ಕೆ ದೊಡ್ಡ ಜಾಗವಿದೆ.

ಲೆಕ್ಕ ಹಾಕಿದರೆ ಆ ದಾರಿ ಸರಾಸರಿ ನೂರಕ್ಕೆ 12ರಷ್ಟು ಇಳಿಯುತ್ತದೆ. ಬ್ರೇಕ್ ಸುಡುವ ಇಳಿಜಾರು ಅದು. ಹಸಿರು ಫ್ಲೋ ಟ್ರೇಲಿಗೆ ನಾನು ಸರಾಸರಿ ನೂರಕ್ಕೆ 5ರಿಂದ 6 ಇಟ್ಟುಕೊಳ್ಳುತ್ತೇನೆ. 600 ಮೀಟರ್ ದಾರಿಗೆ 36 ಮೀಟರ್ ಇಳಿತ ಸಾಕು. ಗುಡ್ಡ ಅದಕ್ಕಿಂತ ಎತ್ತರವಿದ್ದರೆ ದಾರಿಯನ್ನು ಉದ್ದ ಮಾಡಿ, ಕಡಿದು ಮಾಡಬೇಡಿ.

1988ರಲ್ಲಿ ಅಮೆರಿಕದಲ್ಲಿ ಶುರುವಾದ ಇಂಟರ್‌ನ್ಯಾಷನಲ್ ಮೌಂಟನ್ ಬೈಸಿಕ್ಲಿಂಗ್ ಅಸೋಸಿಯೇಷನ್ ಕೆಲವು ಸರಳ ನಿಯಮಗಳನ್ನು ಜನಪ್ರಿಯ ಮಾಡಿದೆ. ಅವುಗಳಲ್ಲಿ ಎರಡನ್ನು ನಾನು ಎಂದೂ ಬಿಡುವುದಿಲ್ಲ. ಅರ್ಧದ ನಿಯಮ ಮೊದಲನೆಯದು: ಗುಡ್ಡದ ಬದಿ ಎಷ್ಟು ಕಡಿದೋ ಅದರ ಅರ್ಧಕ್ಕಿಂತ ದಾರಿ ಕಡಿದಾಗಿರಬಾರದು. ಗುಡ್ಡ ನೂರಕ್ಕೆ 20 ಇಳಿದರೆ ದಾರಿ 10ರ ಒಳಗೇ ಇರಬೇಕು. ಮೀರಿದರೆ ನೀರು ದಾರಿಯನ್ನು ಅಡ್ಡ ದಾಟಿ ಹೋಗುವ ಬದಲು ದಾರಿಯ ಉದ್ದಕ್ಕೇ ಹರಿಯುತ್ತದೆ. ಎರಡನೆಯದು: ಇಡೀ ದಾರಿಯ ಸರಾಸರಿ ನೂರಕ್ಕೆ 10 ಮೀರಬಾರದು.

ಅಳೆಯಲು ದೊಡ್ಡ ಸಲಕರಣೆ ಬೇಡ. ಗಾರೆ ಕೆಲಸದವರ ಲೆವೆಲ್ ಪೈಪ್ ಸಾಕು. 10 ಮೀಟರ್ ದೂರಕ್ಕೆ 60 ಸೆಂ.ಮೀ. ಇಳಿದರೆ ಅದು ನೂರಕ್ಕೆ 6. ಫೋನಿನಲ್ಲಿ ಇಳಿಜಾರು ತೋರಿಸುವ ಆ್ಯಪ್‌ಗಳೂ ಇವೆ. ಆದರೆ ಇಬ್ಬರು ಸೇರಿ ಪೈಪ್ ಹಿಡಿದು ನಡೆದರೆ ಗುಡ್ಡದ ಪ್ರತಿ ತಗ್ಗೂ ಕಾಲಿಗೆ ಪರಿಚಯವಾಗುತ್ತದೆ. ಐದು ಮೀಟರಿಗೊಂದು ಬಣ್ಣದ ಬಟ್ಟೆ ಕಟ್ಟುತ್ತಾ ಹೋಗಿ. ಮೂರು ದಿನ ಬಿಟ್ಟು ಮತ್ತೆ ನಡೆದು, ಬೇಕಾದಲ್ಲಿ ಬದಲಿಸಿ. ಬಟ್ಟೆ ಬದಲಿಸುವುದು ಸುಲಭ, ಮಣ್ಣು ಬದಲಿಸುವುದು ಕಷ್ಟ.

ಹೆಜ್ಜೆ 5: ತಿರುವು

ಅತಿ ಹೆಚ್ಚು ಹೊತ್ತು ಕೊಡಬೇಕಾದ ಜಾಗ ಇದು. ನಾನು ಕಟ್ಟಿದ ಮೊದಲ ಟ್ರೇಲಿನಲ್ಲಿ ಏಳು ತಿರುವಿದ್ದವು, ನಾಲ್ಕನ್ನು ಕೆಡವಿ ಮತ್ತೆ ಕಟ್ಟಿದೆ.

ಬರ್ಮ್ ಏಕೆ ಬೇಕು? ಸಮತಟ್ಟು ತಿರುವಿನಲ್ಲಿ ಟೈರಿನ ಹಿಡಿತ ಒಂದೇ ಸವಾರನನ್ನು ಕಾಪಾಡಬೇಕು. ಒಣ ಮಣ್ಣು, ಉರುಳುವ ಜಲ್ಲಿ ಇದ್ದರೆ ಅದೂ ಸಿಗದು. ನೆಲವನ್ನೇ ಓರೆ ಮಾಡಿದರೆ ಮೈಭಾರ ಟೈರನ್ನು ನೆಲಕ್ಕೆ ಒತ್ತುತ್ತದೆ, ಜಾರುವ ಭಯ ಹೋಗುತ್ತದೆ. ಎಷ್ಟು ಓರೆ ಎನ್ನುವುದು ವೇಗ ಮತ್ತು ತಿರುವಿನ ಅಗಲ ಎರಡರ ಮೇಲೂ ನಿಂತಿದೆ. ಟೈರಿನ ಹಿಡಿತವನ್ನು ಲೆಕ್ಕಕ್ಕೇ ತೆಗೆದುಕೊಳ್ಳದೆ ನೋಡಿದರೆ ಹೀಗೆ: 4 ಮೀಟರ್ ತ್ರಿಜ್ಯದ ತಿರುವಿಗೆ ಗಂಟೆಗೆ 18 ಕಿ.ಮೀ. ವೇಗದಲ್ಲಿ ಬಂದರೆ ಸುಮಾರು 33 ಡಿಗ್ರಿ ಓರೆ ಬೇಕು. ಅದೇ ತಿರುವಿಗೆ 25 ಕಿ.ಮೀ. ವೇಗದಲ್ಲಿ ಬಂದರೆ 51 ಡಿಗ್ರಿ. ತ್ರಿಜ್ಯವನ್ನು 6 ಮೀಟರ್‌ಗೆ ಹಿಗ್ಗಿಸಿದರೆ 25 ಕಿ.ಮೀ.ಗೂ 39 ಡಿಗ್ರಿ ಸಾಕು. ವೇಗ ಸ್ವಲ್ಪ ಏರಿದರೂ ಬೇಕಾಗುವ ಓರೆ ಎಷ್ಟು ಏರುತ್ತದೆ ನೋಡಿ. ಜಾಗವಿದ್ದರೆ ತಿರುವನ್ನು ಯಾವಾಗಲೂ ದೊಡ್ಡದು ಮಾಡಿ. ಇಕ್ಕಟ್ಟಾದ ಎತ್ತರದ ಬರ್ಮಿಗಿಂತ ವಿಶಾಲವಾದ ತಗ್ಗಿನ ಬರ್ಮ್ ಮೇಲು.

ಆದರೆ ಎಲ್ಲರೂ ಒಂದೇ ವೇಗದಲ್ಲಿ ಬರುವುದಿಲ್ಲವಲ್ಲ? ಅದಕ್ಕೇ ಬರ್ಮನ್ನು ಹಲಗೆಯ ಹಾಗೆ ನೇರ ಓರೆಯಾಗಿ ಕಟ್ಟಬಾರದು. ಬಾಣಲೆಯ ಒಳಬದಿಯ ಹಾಗೆ ದುಂಡಗಿರಬೇಕು. ಬುಡದಲ್ಲಿ ಹಗುರ ಓರೆ, ಮೇಲಕ್ಕೆ ಹೋದಂತೆ ಕಡಿದು. ಹೊಸಬ ಬುಡದಲ್ಲಿ ನಿಧಾನ ಸುತ್ತುತ್ತಾನೆ, ಪಳಗಿದವನು ಮೇಲಕ್ಕೇರಿ ಹೋಗುತ್ತಾನೆ. ತಿರುವು ಒಂದೇ, ಇಬ್ಬರಿಗೂ ಅವರವರ ಹದ ಸಿಗುತ್ತದೆ.

ಬರ್ಮ್ ತಿರುವಿನ ನಡುವೆ ಶುರುವಾಗಬಾರದು. ತಿರುವು ಶುರುವಾಗುವ ಮೊದಲೇ ನೆಲ ಮೆಲ್ಲಗೆ ಓರೆಯಾಗತೊಡಗಲಿ. ಕೊನೆಯನ್ನೂ ಬೇಗ ಮುಗಿಸಬೇಡಿ. ಬರ್ಮ್ ಮುಗಿಯುವ ಕಡೆ ಸವಾರನ ಮುಖ ಮುಂದಿನ ದಾರಿಯ ಕಡೆಗೇ ಇರಬೇಕು. ಅರ್ಧಕ್ಕೆ ನಿಂತ ಬರ್ಮ್ ಸವಾರನನ್ನು ಹೊರಗೆ ಪೊದೆಗೆ ಎಸೆಯುತ್ತದೆ.

ಈಗ ಬ್ರೇಕಿನ ಮಾತು. ತಿರುವಿಗೆ ಮುಂಚೆ ನೆಲ ಇಳಿಯುತ್ತಲೇ ಇದ್ದರೆ ವೇಗ ಕೂಡುತ್ತಲೇ ಹೋಗುತ್ತದೆ. ಸವಾರ ಬ್ರೇಕ್ ಹಿಡಿಯದೆ ಏನು ಮಾಡಬೇಕು? ಹಾಗೆ ಎಲ್ಲರೂ ಒಂದೇ ಕಡೆ ಬ್ರೇಕ್ ಹಿಡಿದರೆ ಅಲ್ಲಿ ಮಣ್ಣು ಅಲೆ ಅಲೆಯಾಗಿ ಕಿತ್ತು ಬರುತ್ತದೆ. ತೊಳೆಯುವ ಕಲ್ಲಿನ ಗೀರಿನ ಹಾಗೆ ಸಾಲು ಸಾಲು ತಗ್ಗು. ಅದರ ಮೇಲೆ ಸೈಕಲ್ ಕುಣಿಯುತ್ತದೆ, ಹೆದರಿದವನು ಇನ್ನಷ್ಟು ಮೊದಲೇ ಬ್ರೇಕ್ ಹಿಡಿಯುತ್ತಾನೆ, ತಗ್ಗು ಮೇಲಕ್ಕೆ ಬೆಳೆಯುತ್ತಾ ಹೋಗುತ್ತದೆ.

ಪರಿಹಾರ ನೆಲದಲ್ಲೇ ಇದೆ. ತಿರುವಿನ ಬಾಯಿಗೆ ಬರುವ ದಾರಿಯನ್ನು ಸ್ವಲ್ಪ ಮೇಲಕ್ಕೆ ಏರಿಸಿ. ತಿರುವು ಆ ಏರಿನ ತುದಿಯಲ್ಲಿ ಬರಲಿ. ಗಂಟೆಗೆ 25 ಕಿ.ಮೀ. ವೇಗದಲ್ಲಿ ಬಂದವನು 1 ಮೀಟರ್ ಎತ್ತರ ಏರುವಷ್ಟರಲ್ಲಿ ಸುಮಾರು 19 ಕಿ.ಮೀ.ಗೆ ಇಳಿದಿರುತ್ತಾನೆ. ಅರ್ಧ ಮೀಟರ್ ಏರಿದರೂ 22. ಯಾರೂ ಬ್ರೇಕ್ ಮುಟ್ಟಿಲ್ಲ, ವೇಗ ತಾನಾಗಿ ಇಳಿಯಿತು. ತಿರುವು ದಾಟಿದ ಮೇಲೆ ಇಳಿಜಾರು ಅದನ್ನು ವಾಪಸ್ ಕೊಡುತ್ತದೆ. ಏರು ಶುರುವಾಗುವ ತಗ್ಗಿನಲ್ಲಿ ನೀರು ಸೇರುತ್ತದೆಯಲ್ಲ, ಅಲ್ಲೇ ಹೊರಬದಿಗೆ ಒಂದು ಅಗಲವಾದ ಬಾಯಿ ಬಿಡಿ. ಮಳೆ ನೀರು ಅಲ್ಲಿಂದ ಹೊರಗೆ ಹೋಗುತ್ತದೆ, ಬರ್ಮಿನ ಒಳಗೆ ಬರುವುದಿಲ್ಲ. ಒಂದೇ ಕೆಲಸದಲ್ಲಿ ನೀರಿಗೂ ವೇಗಕ್ಕೂ ಲಗಾಮು. ಇದು ಗೊತ್ತಾದ ದಿನ ನನಗೆ ಆದ ಸಂತೋಷ ಇಷ್ಟಿಷ್ಟಲ್ಲ.

ಹೆಜ್ಜೆ 6: ಉಬ್ಬುಗಳ ತಾಳ

ಜೋಕಾಲಿಯಲ್ಲಿ ನಿಂತು ಜೀಕಿದ್ದು ನೆನಪಿದೆ ಅಲ್ವಾ? ಯಾರೂ ನೂಕದಿದ್ದರೂ, ಸರಿಯಾದ ಹೊತ್ತಿಗೆ ಮೊಣಕಾಲು ಮಡಚಿ, ಸರಿಯಾದ ಹೊತ್ತಿಗೆ ಎದ್ದರೆ ಜೋಕಾಲಿ ಮೇಲಕ್ಕೆ ಹೋಗುತ್ತದೆ. ರೋಲರ್ ಮೇಲೆ ಸವಾರ ಮಾಡುವುದೂ ಅದೇ. ಉಬ್ಬು ಏರುವಾಗ ಕೈಕಾಲು ಮಡಚಿ ಹಗುರಾಗುತ್ತಾನೆ, ಇಳಿಯುವಾಗ ಸೈಕಲ್ಲನ್ನು ಕೆಳಗೆ ಒತ್ತುತ್ತಾನೆ. ಪೆಡಲ್ ತುಳಿಯದೆ ವೇಗ ಸಿಗುತ್ತದೆ. ಇಂಗ್ಲಿಷಿನವರು ಪಂಪ್ ಅನ್ನುವುದಕ್ಕೆ ನಾನು ಮಕ್ಕಳಿಗೆ "ಜೀಕು" ಎಂದೇ ಹೇಳಿಕೊಡುತ್ತೇನೆ. ಒಂದೇ ಮಾತಿಗೆ ಅರ್ಥವಾಗುತ್ತದೆ.

ಜೀಕಲು ತಾಳ ಬೇಕು. ಒಂದು ಉಬ್ಬಿನ ತುದಿಯಿಂದ ಮುಂದಿನದಕ್ಕೆ ಇರುವ ದೂರ, ಎತ್ತರದ ಸುಮಾರು ಹತ್ತು ಪಟ್ಟು ಇರಲಿ ಎನ್ನುವುದು ಪಂಪ್ ಟ್ರ್ಯಾಕ್ ಕಟ್ಟುವವರ ರೂಢಿಯ ಲೆಕ್ಕ. 30 ಸೆಂ.ಮೀ. ಎತ್ತರಕ್ಕೆ 3 ಮೀಟರ್ ದೂರ. ಇಳಿಜಾರಿನಲ್ಲಿ ವೇಗ ಜಾಸ್ತಿ, ಹಾಗಾಗಿ ದೂರವನ್ನು ಇನ್ನಷ್ಟು ಹಿಗ್ಗಿಸಿ. ಉಬ್ಬಿನ ತುದಿ ದುಂಡಗಿರಬೇಕು. ರಸ್ತೆಯ ಹಂಪ್ ಹಾಗೆ ಗಕ್ಕನೆ ಎದ್ದರೆ ಅದು ಜೀಕಿಸುವುದಿಲ್ಲ, ಒದೆಯುತ್ತದೆ.

ಮೂರು ಉಬ್ಬು ಒಂದೇ ಅಂತರದಲ್ಲಿ ಬಂದ ಮೇಲೆ ಮೈ ನಾಲ್ಕನೆಯದನ್ನು ಕಾಯುತ್ತಿರುತ್ತದೆ. ಚೆಂಡೆಯ ಪೆಟ್ಟು ಕಾಯುವ ಕಿವಿಯ ಹಾಗೆ. ನಾಲ್ಕನೆಯದು ಅರ್ಧ ಮೀಟರ್ ಹತ್ತಿರ ಬಂದರೆ ತಾಳ ತಪ್ಪಿತು, ಕೈ ಬ್ರೇಕಿಗೆ ಹೋಯಿತು. ಅಂತರ ಬದಲಿಸಲೇಬೇಕಾದರೆ ನಡುವೆ ಐದಾರು ಮೀಟರ್ ಸುಮ್ಮನಿರುವ ನೆಲ ಬಿಡಿ. ಉಸಿರು ಬಿಡುವ ಜಾಗ ಅದು. ಹೊಸಬರು ಟ್ರೇಲ್ ಕಟ್ಟುವಾಗ ಇಂಥ ಖಾಲಿ ಜಾಗ ಕಂಡರೆ ಏನಾದರೂ ತುಂಬುತ್ತಾರೆ. ದಯವಿಟ್ಟು ತುಂಬಬೇಡಿ.

ಎಗರುವ ಜಾಗ ಬೇಕೆಂದು ಮಕ್ಕಳು ಕೇಳಿಯೇ ಕೇಳುತ್ತಾರೆ. ಟೇಬಲ್‌ಟಾಪ್ ಕಟ್ಟಿ, ಅಂದರೆ ಏರು ಮತ್ತು ಇಳುಕಲಿನ ನಡುವೆ ಮಟ್ಟಸ ಮಣ್ಣು ತುಂಬಿದ್ದು. ಎಗರಲಾಗದವನು ಅದರ ಮೇಲೆ ಉರುಳಿಸಿಕೊಂಡು ಹೋಗಬಹುದು, ಅರ್ಧ ಎಗರಿದವನೂ ಮಟ್ಟಸ ನೆಲದ ಮೇಲೆಯೇ ಇಳಿಯುತ್ತಾನೆ. ನಡುವೆ ಖಾಲಿ ಬಿಟ್ಟ ಹಾರು ಜಾಗ ಹಸಿರು ಟ್ರೇಲಿನಲ್ಲಿ ಎಂದಿಗೂ ಬೇಡ. ಎ-ಲೈನಿಗೆ ಹೆಸರು ತಂದದ್ದೂ ಟೇಬಲ್‌ಟಾಪ್‌ಗಳೇ.

ಹೆಜ್ಜೆ 7: ಕಣ್ಣಿಗೆ ದಾರಿ

ಗಂಟೆಗೆ 20 ಕಿ.ಮೀ. ಅಂದರೆ ಸೆಕೆಂಡಿಗೆ ಐದೂವರೆ ಮೀಟರ್. ಮೂರು ಸೆಕೆಂಡ್ ಮುಂದಿನದ್ದು ಕಾಣಬೇಕಾದರೆ 17 ಮೀಟರ್ ತೆರವಾಗಿರಬೇಕು. ಇದನ್ನು ಕಾಗದದ ಮೇಲೆ ನೋಡಬೇಡಿ. ದಾರಿಯ ಮೇಲೆ ಮೊಣಕಾಲೂರಿ, ನಿಮ್ಮ ಸವಾರನ ಕಣ್ಣಿನ ಎತ್ತರದಲ್ಲಿ ಫೋನ್ ಹಿಡಿದು ವಿಡಿಯೋ ಮಾಡಿಕೊಂಡು ಇಡೀ ದಾರಿ ಇಳಿಯಿರಿ. ಮುಂದಿನ ತಿರುವಿನ ಬಾಯಿ ಕಾಣದ ಜಾಗದಲ್ಲೆಲ್ಲ ನಿಂತು ಕಾರಣ ಹುಡುಕಿ. ಒಂದು ಕೊಂಬೆ ಸವರಿದರೆ ಸಾಕಾಗುತ್ತದೆ ಎಷ್ಟೋ ಸಲ.

ಒಂದನ್ನು ಮರೆಯಬೇಡಿ. ಎಲ್ಲವನ್ನೂ ತೆರವು ಮಾಡಿದರೂ ಕೆಡುತ್ತದೆ. ಬೋಳು ಗುಡ್ಡದಲ್ಲಿ ಇಡೀ ದಾರಿ ಒಂದೇ ನೋಟಕ್ಕೆ ಕಂಡರೆ ಸವಾರ ಅಡ್ಡದಾರಿ ಹಿಡಿಯುತ್ತಾನೆ. ಆಟದ ಸೊಗಸೂ ಹೋಗುತ್ತದೆ. ಮುಂದಿನ ಒಂದು ಘಟ್ಟ ಸ್ಪಷ್ಟವಾಗಿ ಕಾಣಲಿ, ಅದರಾಚೆಯದು ಮರೆಯಲ್ಲಿರಲಿ.

ಕಲಿಸುವ ಕ್ರಮವೂ ಇಲ್ಲೇ ಬರುತ್ತದೆ. ಕೆಳಗೆ ದೊಡ್ಡ ಬರ್ಮ್ ಇದ್ದರೆ ಮೇಲೆ ಅದರ ಸಣ್ಣ ತಮ್ಮನೊಬ್ಬ ಇರಲೇಬೇಕು. ಟ್ರೇಲಿನ ಮೊದಲ 50 ಮೀಟರಿನಲ್ಲೇ ಒಂದು ಸಣ್ಣ ಬರ್ಮ್, ಎರಡು ಸಣ್ಣ ಉಬ್ಬು ಇಡಿ. ಇಲ್ಲಿ ತಡವರಿಸಿದವನಿಗೆ ಈ ದಾರಿ ಇನ್ನೂ ತನ್ನದಲ್ಲ ಎಂದು ಗೊತ್ತಾಗುತ್ತದೆ. ಪಕ್ಕದಲ್ಲೇ ನಡೆದು ಹೊರಬರಲು ಒಂದು ದಾರಿ ಬಿಟ್ಟಿರಿ.

ಹೆಜ್ಜೆ 8: ಮಣ್ಣಿನ ಕೆಲಸ

ಮಲೆನಾಡಿನಲ್ಲಿ ಇದಕ್ಕೆ ಒಳ್ಳೆಯ ಕಾಲ ಅಕ್ಟೋಬರ್ ಕೊನೆಯಿಂದ ನವೆಂಬರ್. ಮಳೆ ನಿಂತಿರುತ್ತದೆ, ಮಣ್ಣಿನಲ್ಲಿ ಇನ್ನೂ ಪಸೆ ಇರುತ್ತದೆ. ಡಿಸೆಂಬರ್ ಬಂದರೆ ಕಾಫಿ ಕೊಯ್ಲು, ಆಳು ಸಿಗುವುದಿಲ್ಲ. ಮಾರ್ಚ್ ಹೊತ್ತಿಗೆ ಮಣ್ಣು ಧೂಳು.

ತರಗೆಲೆ ಮತ್ತು ಮೇಲಿನ ಕಪ್ಪು ಮಣ್ಣನ್ನು ಪೂರಾ ಕೆರೆದು ಪಕ್ಕಕ್ಕೆ ಹಾಕಿ. ಅದು ಗೊಬ್ಬರ, ಕಟ್ಟಲು ಬರದು. ಕೆಳಗಿನ ಕೆಂಪು ಮಣ್ಣು ನಿಮ್ಮ ಸಾಮಾನು. ಗುಡ್ಡದ ಬದಿಯಲ್ಲಿ ದಾರಿ ಕಡಿಯುವಾಗ ಪೂರ್ತಿ ಅಗಲವನ್ನೂ ಗಟ್ಟಿ ನೆಲದೊಳಗೇ ಕಡಿಯಿರಿ. ಅರ್ಧ ಕಡಿದು, ಆ ಮಣ್ಣನ್ನೇ ಹೊರಕ್ಕೆ ಸುರಿದು ಅಗಲ ಮಾಡಿದರೆ ಮೊದಲ ಮಳೆಗೇ ಹೊರಬದಿ ಕುಸಿಯುತ್ತದೆ. ನೇರ ದಾರಿಯಲ್ಲಿ ಹೊರಬದಿ ಸ್ವಲ್ಪ ತಗ್ಗಿರಲಿ. ಒಂದು ಮೀಟರ್ ಅಗಲಕ್ಕೆ 5 ಸೆಂ.ಮೀ. ತಗ್ಗಿದ್ದರೆ ನೀರು ಅಡ್ಡ ದಾಟಿ ಹೋಗುತ್ತದೆ.

ಬರ್ಮ್ ಕಟ್ಟುವಾಗ ಅವಸರ ಬೇಡ. ಬುಡಕ್ಕೆ ಮರದ ತುಂಡು, ಸೊಪ್ಪು ತುಂಬಿ ಮೇಲೆ ಮಣ್ಣು ಮುಚ್ಚುವ ಆಸೆ ಆಗುತ್ತದೆ. ಅದು ಕೊಳೆತು ಎರಡು ವರ್ಷದಲ್ಲಿ ಬರ್ಮ್ ಕುಸಿಯುತ್ತದೆ. ಪೂರಾ ಮಣ್ಣಿನದ್ದೇ ಆಗಬೇಕು. ಹತ್ತು, ಹದಿನೈದು ಸೆಂ.ಮೀ. ದಪ್ಪದ ಒಂದೊಂದು ಪದರ ಹಾಕಿ, ದಿಮ್ಮಸು ಹೊಡೆದು ಮುಂದಿನ ಪದರಕ್ಕೆ ಹೋಗಿ. ಮಣ್ಣಿನ ಹದ ನೋಡುವುದು ಹೀಗೆ: ಒಂದು ಹಿಡಿ ತೆಗೆದು ಮುಷ್ಟಿಯಲ್ಲಿ ಒತ್ತಿ. ಉಂಡೆಯಾಗಬೇಕು, ಕೈಗೆ ಅಂಟಬಾರದು. ಸೊಂಟದ ಎತ್ತರದಿಂದ ಬಿಟ್ಟರೆ ಎರಡು ಮೂರು ಚೂರಾಗಬೇಕು. ಪುಡಿಯಾದರೆ ನೀರು ಚಿಮುಕಿಸಿ, ಚಪ್ಪಟೆಯಾದರೆ ಒಂದು ದಿನ ಬಿಸಿಲಿಗೆ ಬಿಡಿ.

ಹಾರೆ, ಗುದ್ದಲಿ, ಸನಿಕೆ, ಬಾಂಡ್ಲಿ, ದಿಮ್ಮಸು. ಇಷ್ಟಿದ್ದರೆ ಸಣ್ಣ ಟ್ರೇಲಿಗೆ ಸಾಕು. ಜೆಸಿಬಿ ತರುವುದಾದರೆ ಚಿಕ್ಕದನ್ನೇ ತನ್ನಿ. ದೊಡ್ಡದು ಒಂದು ಗಂಟೆಯಲ್ಲಿ ಮಾಡಿದ ಗಾಯ ಮುಚ್ಚಲು ಮೂರು ಮಳೆಗಾಲ ಬೇಕು.

ಹೆಜ್ಜೆ 9: ಇಬ್ಬರು ಸವಾರರು, ಒಂದು ಕಟ್ಟು ಬಾವುಟ

ಕಟ್ಟಿದ ಮೇಲೆ ನೀವೇ ಮೊದಲು ಓಡಿಸಿ ಖುಷಿಪಡಿ, ಆದರೆ ಅದನ್ನು ಪರೀಕ್ಷೆ ಅಂದುಕೊಳ್ಳಬೇಡಿ. ದಾರಿಯ ಪ್ರತಿ ಇಂಚೂ ನಿಮಗೆ ಗೊತ್ತು, ನಿಮ್ಮ ಕಣ್ಣು ಈಗ ಸುಳ್ಳು ಹೇಳುತ್ತದೆ. ದಾರಿ ನೋಡೇ ಇಲ್ಲದ ಇಬ್ಬರನ್ನು ಕರೆಯಿರಿ. ಒಬ್ಬ ಹೊಸಬ, ಒಬ್ಬ ಪಳಗಿದವ. ತಲೆಗೆ ಹೆಲ್ಮೆಟ್, ಮೊಣಕಾಲು, ಮೊಣಕೈಗೆ ಪ್ಯಾಡ್ ಇಲ್ಲದೆ ಯಾರನ್ನೂ ಬಿಡಬೇಡಿ. ಮೊದಲ ಸಲ ನಿಧಾನವಾಗಿ ನೋಡಿಕೊಂಡು ಇಳಿಯಲಿ. ಆಮೇಲೆ ಐದೈದು ಸಲ.

ನೀವು ಪಕ್ಕದಲ್ಲಿ ಒಂದು ಕಟ್ಟು ಸಣ್ಣ ಬಾವುಟ ಹಿಡಿದು ನಿಲ್ಲಿ. ಬ್ರೇಕ್ ಹಿಡಿದ ಕಡೆ ಕೆಂಪು, ಪೆಡಲ್ ತುಳಿದ ಕಡೆ ಹಳದಿ. ಅವರನ್ನು ಕೇಳಬೇಡಿ, ನೋಡಿ. ಎಷ್ಟೋ ಜನಕ್ಕೆ ತಾವು ಬ್ರೇಕ್ ಹಿಡಿದದ್ದೇ ಗೊತ್ತಿರುವುದಿಲ್ಲ. ಇಬ್ಬರೂ ಒಂದೇ ಕಡೆ ಹಿಡಿದಿದ್ದರೆ ನೆಲದ ತಪ್ಪು. ಇಳಿಜಾರು ಜಾಸ್ತಿಯಾಗಿದೆ, ಅಥವಾ ತಿರುವಿನ ಬಾಯಿ ಕಾಣುತ್ತಿಲ್ಲ. ಹೊಸಬ ಮಾತ್ರ ಹಿಡಿದರೆ ಮೇಲೆ ಅದರ ಸಣ್ಣ ಪಾಠ ಇದೆಯೇ ನೋಡಿ. ಪಳಗಿದವನು ಮಾತ್ರ ಹಿಡಿದರೆ ಬರ್ಮಿನ ಮೇಲಂಚು ಸಾಲದು. ಹಳದಿ ಬಾವುಟ ಜಾಸ್ತಿ ಇರುವ ಕಡೆ ನೀವು ವೇಗವನ್ನು ಎಲ್ಲೋ ಪೋಲು ಮಾಡಿದ್ದೀರಿ, ಹಿಂದಿನ ಏರು ಎತ್ತರವಾಗಿರಬಹುದು.

ತಿದ್ದುವಾಗ ಒಂದು ಸಲಕ್ಕೆ ಒಂದನ್ನೇ ತಿದ್ದಿ. ಒಂದು ತಿರುವು ಬದಲಾದರೆ ಅದರ ಕೆಳಗಿನ ಮೂರು ತಿರುವುಗಳಿಗೆ ಬರುವ ವೇಗವೂ ಬದಲಾಗುತ್ತದೆ.

ಹೆಜ್ಜೆ 10: ಮಳೆಗಾಲಕ್ಕೆ ಬೀಗ

ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಟ್ರೇಲ್ ಮುಚ್ಚಿಬಿಡಿ. ಟೈರಿನ ಗುರುತು ಆಳವಾಗಿ ಉಳಿಯುವಷ್ಟು ನೆಲ ಮೆತ್ತಗಿದ್ದರೆ ಆ ಗುರುತೇ ಮುಂದಿನ ಮಳೆಗೆ ಕಾಲುವೆ. ಬರ್ಮಿನ ಹಿಂಬದಿಗೆ ಹುಲ್ಲು ಬರಲು ಬಿಡಿ, ಬೇರು ಮಣ್ಣನ್ನು ಹಿಡಿಯುತ್ತದೆ. ಮಳೆಯ ನಡುವೆ ವಾರಕ್ಕೊಮ್ಮೆ ಹೋಗಿ ನೀರಿನ ಬಾಯಿಗಳಲ್ಲಿ ಸೇರಿದ ಎಲೆ ತೆಗೆಯಿರಿ, ಅಷ್ಟೇ ಸಾಕು. ಅಕ್ಟೋಬರಿನಲ್ಲಿ ತೆರೆಯುವಾಗ ಪೊದೆ ಸವರಿ, ಸಡಿಲಾದ ಕಲ್ಲು ಹೆಕ್ಕಿ, ಬಾವುಟದ ಪರೀಕ್ಷೆಯನ್ನು ಮತ್ತೊಮ್ಮೆ ಮಾಡಿ.

ಅಣ್ಣನ ಮಗಳಿಗೆ ಈಗ ಹದಿನಾಲ್ಕು. ಮೂರನೇ ತಿರುವಿನ ಲಂಟಾನವನ್ನು ಪ್ರತಿ ವರ್ಷ ಅವಳೇ ಕಡಿಯುತ್ತಾಳೆ. ಈ ಸಲ ಕತ್ತಿಯ ಜೊತೆ ಗುದ್ದಲಿಯನ್ನೂ ತೆಗೆದಿಡಲು ಹೇಳಿದ್ದಾಳೆ. ಐದನೇ ತಿರುವನ್ನು ಎರಡು ಮೀಟರ್ ಹೊರಕ್ಕೆ ಹಿಗ್ಗಿಸಬೇಕಂತೆ. ಅಲ್ಲಿ ಈಚೆಗೆ ಅವಳು ಬ್ರೇಕ್ ಹಿಡಿಯಬೇಕಾಗುತ್ತಿದೆ.